ಐವತ್ತೊಂದನೇ ಜೋಡಿ

ಗುರುಗುಂಟಾದ ಒಬ್ಬ ಹುಡುಗಿಗೆ ಕಾಮಣಿ ಆದದ್ದಕ್ಕೂ ಸಿಂಧನೂರಿನ ಬಾಲಪ್ಪನಿಗೂ ಯಾವ ಸಂಬಂಧವೂ ಇರಲಿಲ್ಲ. ಆ ಹುಡುಗಿಯನ್ನು ಅವನು ಕಂಡವನಲ್ಲ. ಅವಳ ಹೆಸರೂ ಅವನಿಗೆ ಗೊತ್ತಿರಲಿಲ್ಲ. ಆದರೂ ಎಲ್ಲೋ ದೂರದಲ್ಲಿ ಅವಳ ಕಣ್ಣು ಹಳದಿಯಾದ ತಪ್ಪಿಗೆ ಇಲ್ಲಿ ಬಾಲಪ್ಪನ ಸಂಸಾರ ಒಂದೇ ದಿನದಲ್ಲಿ ಮಿಲ್ಲಿನ ಜರಡಿಗೆ ಬಿದ್ದ ನುಚ್ಚಿನ ಹಾಗೆ ಕುಣಿದು ಹೋಯಿತು.

ಬಾಲಪ್ಪ ಪಂಪಣ್ಣ ಸಾಹುಕಾರರ ರೈಸ್ ಮಿಲ್ಲಿನಲ್ಲಿ ಕಾಟಾದ ಮುಂದೆ ನಿಂತು ರೈತರ ಭತ್ತ ತೂಗುವವನು. ನೌಕರಿ ಸಾಹುಕಾರರು ಕೊಟ್ಟದ್ದು. ಮಿಲ್ಲಿನ ಹಿಂದಿನ ಖೋಲಿ ಸಾಹುಕಾರರದು, ಖೋಲಿಯೊಳಗಿನ ಮಂಚವೂ ಅವರದೇ. ಎರಡು ವರ್ಷದ ಹಿಂದೆ ಮಸ್ಕಿಯ ಗಾಳೆಮ್ಮನನ್ನು ಅವನು ಮದುವೆಯಾದಾಗ ಊಟ ಹಾಕಿಸಿದವರು ಅವರು. ಇಷ್ಟಾಗಿ ಇದು ತನ್ನದು ಎಂದು ಬಾಲಪ್ಪ ಹೇಳಿಕೊಳ್ಳಬಹುದಾದದ್ದು ಮೈಮೇಲಿನ ಅಂಗಿಯೊಂದೇ. ಅದನ್ನೂ ಅವರು ದೀಪಾವಳಿಗೆ ಕೊಡಿಸಿದ್ದರು.

ಆ ದಿನ ಸಾಹುಕಾರರ ಸಾಮೂಹಿಕ ವಿವಾಹ. ಹೋದ ವರ್ಷ ಲಿಂಗಸುಗೂರಿನ ಹತ್ತಿ ಸಾಹುಕಾರನೊಬ್ಬ ಐವತ್ತು ಜೋಡಿಗಳ ಮದುವೆ ಮಾಡಿಸಿ ಪೇಪರಿನಲ್ಲಿ ಫೋಟೋ ಹಾಕಿಸಿಕೊಂಡಿದ್ದ. ಆ ಫೋಟೋ ನೋಡಿದಂದಿನಿಂದ ಪಂಪಣ್ಣ ಸಾಹುಕಾರರಿಗೆ ಅನ್ನ ಸೇರಿರಲಿಲ್ಲ. ಐವತ್ತಕ್ಕೆ ಉತ್ತರ ಐವತ್ತೊಂದು ಎಂದು ತೀರ್ಮಾನಿಸಿ, ಮಿಲ್ಲಿನ ಮುಂದಿನ ಕಮಾನಿನ ಮೇಲೆ, ಪಾಂಪ್ಲೆಟ್ಟಿನ ಮೇಲೆ, ಕೊನೆಗೆ ಬೂಂದಿ ಕಟ್ಟಿ ಕೊಡುವ ಚೀಲದ ಮೇಲೂ ಆ ಸಂಖ್ಯೆಯನ್ನು ಅಚ್ಚು ಹಾಕಿಸಿದ್ದರು.

ಬೆಳಿಗ್ಗೆ ಬಾಲಪ್ಪ ಚಪ್ಪರದ ಕಂಬಕ್ಕೆ ಬಾಳೆಗಿಡ ಕಟ್ಟುತ್ತಿದ್ದಾಗ ಸಾಹುಕಾರರ ಕರೆ ಬಂತು. ಅವರು ಆಫೀಸಿನಲ್ಲಿ ಬರೀ ಬನಿಯನ್ನಿನಲ್ಲಿ ಕುಳಿತು ಫ್ಯಾನಿನ ಕೆಳಗೂ ಬೆವರುತ್ತಿದ್ದರು.

"ಲೇ ಬಾಲ್ಯಾ, ಒಂದು ಜೋಡಿ ಕಡಿಮಿ ಬಿತ್ತಲೋ."

"ಹೌದೇನ್ರಿ?"

"ವರ ಬಂದು ಕುಂತಾನ. ನಮ್ಮ ಟೂರಿಂಗ್ ಟಾಕೀಸಿನ ಆಪರೇಟರ್ ಅಂಬಪ್ಪ. ಅವನ ಬಳಗದವರು ಬಂದು ಎರಡೆರಡು ಸಲ ಉಪ್ಪಿಟ್ಟು ತಿಂದಾರ. ಕನ್ಯಾನ ಇಲ್ಲ. ಈಗ ಗುರುಗುಂಟಾದಿಂದ ಫೋನ್ ಬಂತು, ಹುಡುಗಿಗಿ ಕಾಮಣಿ ಆಗೈತಂತ. ಅರಿಷಿಣ ಹಚ್ಚೂಕಿಂತ ಮದ್ಲ ಹಳದಿ ಆಗ್ಯಾಳಂತ."

"ಪಾಪ. ಮುಂದಿನ ತಿಂಗಳ ಇಟ್ಕೊಳ್ಳಿ ಬಿಡ್ರಿ."

"ಅವರು ಇಟ್ಕೋತಾರ. ನನ್ನ ಕಮಾನು ಏನ್ ಮಾಡ್ಲಿ? ಐವತ್ತ ಆದ್ರ ಲಿಂಗಸುಗೂರಿನಾವ ನಕ್ಕು ನಕ್ಕು ಸಾಯ್ತಾನ. ಅವ ಸಾಯ್ಲಿ, ನಂದೇನೂ ಅಭ್ಯಂತರ ಇಲ್ಲ. ನಗಬಾರದು, ಅಷ್ಟ." ಸಾಹುಕಾರರು ದನಿ ಇಳಿಸಿದರು. "ನಿನ್ನ ಹೆಂಡ್ತಿನ ಎರಡು ತಾಸು ಕೊಡು."

ಮಳೆ ಬಂದಾಗ ಛತ್ರಿ ಕೇಳಿದ ಹಾಗೆ ಕೇಳಿದರು. ಬಾಲಪ್ಪ ತನ್ನ ಹಿಂದೆ ಬೇರೆ ಯಾರಾದರೂ ನಿಂತಿದ್ದಾರೆಯೇ ಎಂದು ತಿರುಗಿ ನೋಡಿದ.

"ಖರೇ ಮದಿವಿ ಅಲ್ಲಲೇ. ತಾಳಿ ಕೊಳ್ಳಿನ ಹತ್ತಿರ ಹಿಡೀತಾನ, ಫೋಟೋ ಹೊಡೀತಾರ, ಬಾಜಾ ಬಾರಸ್ತಾರ, ಮುಗೀತು."

"ಹಂಗಾರ ಆಕಿ ಬಾಜೂಕ ನಾನ ಕುಂತ್ರ ಹೆಂಗ್ರಿ?"

"ನಿನ್ನ ಮಾರಿ ನೋಡದ ರೈತ ಯಾವನದಾನ? ಮದಿವ್ಯಾದ ಗಂಡಸನ್ನ ತಂದು ಕುಂದ್ರಿಸ್ಯಾನ ಅಂತ ಮಂದಿ ಆಡಿಕೊಳ್ಳಾಕ? ಆಕಿನ್ನ ಯಾರು ನೋಡ್ಯಾರ? ಖೋಲಿ ಬಿಟ್ಟು ಹೊರಗ ಬಂದಾಕಿ ಅಲ್ಲ. ಅಂಬಪ್ಪಗೂ ಯಾರಂತ ಹೇಳಿಲ್ಲ. ಮಸ್ಕಿ ಕಡಿ ಬಡವರ ಹುಡುಗಿ, ಫೋಟೋಕ್ಕ ಕುಂದ್ರತಾಳ ಅಂದೀನಿ. ನಿನ್ನ ಬಾಯಿಂದ ಒಂದು ಮಾತು ಹೊರಗ ಬಿತ್ತು ಅಂದ್ರ..." ಮಾತನ್ನು ಅಲ್ಲಿಗೇ ಬಿಟ್ಟು ಸಾಹುಕಾರರು ಬೀಗದ ಕೈ ಗೊಂಚಲನ್ನು ಬೆರಳಿಗೆ ಸಿಕ್ಕಿಸಿ ತಿರುಗಿಸತೊಡಗಿದರು. ಅದರಲ್ಲಿ ಬಾಲಪ್ಪನ ಖೋಲಿಯ ಇನ್ನೊಂದು ಕೀಲಿಯೂ ಇತ್ತು. "ನೋಡಪಾ, ಜುಲುಮಿ ಇಲ್ಲ ಮತ್ತ. ನಿನ್ನ ಒಪ್ಪಿಗಿ ಇದ್ರ ಮಾತ್ರ."

"ಹೂಂ ರೀ," ಎಂದ ಬಾಲಪ್ಪ.

ಅದನ್ನು ಅವನು ಹೇಳಿದ ಎನ್ನುವುದಕ್ಕಿಂತ ಅದು ತಾನೇ ಬಂತು ಎನ್ನಬೇಕು. ಸಾಹುಕಾರರ ಮುಂದೆ ನಿಂತರೆ ಅವನ ಬಾಯಲ್ಲಿ 'ಹೂಂ' ಎನ್ನುವುದು ಎಂಜಿಲಿನ ಹಾಗೆ ಊರುತ್ತಿತ್ತು.

ಗಾಳೆಮ್ಮ ರೊಟ್ಟಿ ಬಡಿಯುತ್ತಿದ್ದಳು. ಬಾಲಪ್ಪ ಹೊಸ್ತಿಲ ಮೇಲೆ ನಿಂತು, ಬೇರೆಯವರ ಮನೆಯ ಸುದ್ದಿಯನ್ನು ಹೇಳುವವನಂತೆ ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿ ಮುಗಿಸಿದ. "ಸಾಹುಕಾರ್ರು ಕೇಳಿದ್ರು. ನಾ ಹೂಂ ಅಂದೀನಿ."

ಗಾಳೆಮ್ಮನ ಕೈ ನಿಂತಿತು. "ನೀವು ಹೂಂ ಅಂದ್ರಿ? ಸೀರಿ ಉಡ್ಸಿ ನಿಮ್ಮನ್ನ ಕುಂದ್ರಸ್ತಾರೇನು?"

"ನಿನ್ನ ಪರವಾಗಿ ಅಂದೆ."

"ನನಗೇನು ಬಾಯಿ ಬಿದ್ದೈತೇನು?"

"ಎರಡು ತಾಸಿನ ಮಾತಲೇ. ಖೋಲಿ ಅವರದು, ನೌಕರಿ ಅವರದು..."

"ಹೆಂಡ್ತಿ?"

ಹೆಂಚಿನ ಮೇಲಿನ ರೊಟ್ಟಿ ಹೊತ್ತಿ ಹೊಗೆ ಎದ್ದಿತು. ಅದೇ ಹೊತ್ತಿಗೆ ಪಕ್ಕದ ಓಣಿಯ ಬಳೆಗಾರ್ತಿ ಮೆಹರಬಾನು ತೋಳಿನ ತುಂಬ ಹಸಿರು ಬಳೆ, ಬಗಲಲ್ಲಿ ರೇಷ್ಮೆ ಸೀರೆ ಹಿಡಿದು ಒಳಗೆ ಬಂದಳು. ಸಾಹುಕಾರರ ಮನೆಯವರು ಅವಳನ್ನು ಆಗಲೇ ಕಳಿಸಿಯಾಗಿತ್ತು.

"ಸರೀರಿ ಬಾಲಪ್ಪಣ್ಣ, ಹೊರಗ ನಿಂದರ್ರಿ. ಮದಿಮಗಳನ್ನ ತಯಾರ ಮಾಡಬೇಕು." ಬಾಗಿಲು ಮುಚ್ಚುವಾಗ ಮತ್ತೆ ತಲೆ ಹೊರಗೆ ಹಾಕಿದಳು. "ಅಂದಂಗ, ನೀವು ಯಾವ ಕಡೀಂದ ಬರ್ತೀರಿ? ಹೆಣ್ಣಿನ ಕಡೀಂದೋ, ಗಂಡಿನ ಕಡೀಂದೋ?"

ಸ್ವಲ್ಪ ಹೊತ್ತಿಗೆ ಬಾಗಿಲು ತೆರೆಯಿತು. ಗಾಳೆಮ್ಮನ ಕಾಲುಂಗುರಗಳನ್ನು ತೆಗೆದು ಮೆಹರಬಾನು ಬಾಲಪ್ಪನ ಕೈಯಲ್ಲಿಟ್ಟಳು. ತಾಳಿ ರವಿಕೆಯೊಳಗೆ ಅಡಗಿತ್ತು. ಬಾಲಪ್ಪ ಹೆಂಡತಿಯನ್ನು ನೋಡಿದ. ಎರಡು ವರ್ಷ ಅವಳು ಅವನ ಕಣ್ಣೆದುರಿಗೆ ಹಿಟ್ಟು ಮೆತ್ತಿದ ಕೈಯಲ್ಲಿ, ಬೂದಿ ಬಣ್ಣದ ಸೀರೆಯಲ್ಲಿ ಓಡಾಡಿದ್ದಳು. ಈ ಹೆಂಗಸು ಇಷ್ಟು ದಿನ ಆ ಸೀರೆಯೊಳಗೆ ಎಲ್ಲಿದ್ದಳು? ಅವಳು ಕನ್ನಡಿ ನೋಡಿಕೊಂಡಳು. ಬೇಡವೆಂದರೂ ತುಟಿಯ ತುದಿ ಒಂದಿಷ್ಟು ಮೇಲೆದ್ದಿತು.

ಆ ಒಂದಿಷ್ಟು ಬಾಲಪ್ಪನ ಎದೆಯಲ್ಲಿ ಭತ್ತದ ಮುಳ್ಳಿನ ಹಾಗೆ ಕೂತುಬಿಟ್ಟಿತು. ತೆಗೆಯಲೂ ಬಾರದು, ತೋರಿಸಲೂ ಬಾರದು.

ಚಪ್ಪರದಲ್ಲಿ ಜೋಡಿಗಳನ್ನು ಸಾಲಾಗಿ ಚಾಪೆಯ ಮೇಲೆ ಕೂರಿಸಿದ್ದರು. ಗಾಳೆಮ್ಮ ಕೊನೆಯ ಸಾಲಿನ ಕೊನೆಯ ಚಾಪೆಯಲ್ಲಿ ಕುಳಿತಳು. ಬಾಲಪ್ಪ ನೀರಿನ ಕೊಡ ಹಿಡಿದು, ಬಾಯಾರಿಕೆ ಇದ್ದವರು ಎಲ್ಲೆಲ್ಲೋ ಇದ್ದರೂ, ಆ ಚಾಪೆಯ ಸುತ್ತಲೇ ಸುತ್ತುತ್ತಿದ್ದ.

ಅಂಬಪ್ಪ ಬಂದ. ಅವನ ಕೂದಲನ್ನು ನೋಡಿ ಬಾಲಪ್ಪ ತನ್ನ ತಲೆಯ ಮೇಲಿನ ಭತ್ತದ ಧೂಳನ್ನು ಒಂದು ಕೈಯಿಂದ ಕೊಡವಿಕೊಂಡ. ಎಣ್ಣೆ ಹಚ್ಚಿ ಹಿಂದಕ್ಕೆ ಬಾಚಿದ ಆ ಕೂದಲು ಕಾಲುವೆಯ ನೀರಿನ ಹಾಗೆ ತೆರೆ ತೆರೆಯಾಗಿ ಇಳಿದಿತ್ತು. ದಿನಾ ಸಿನಿಮಾದ ಹೀರೋಗಳ ಮೇಲೆ ಬೆಳಕು ಬಿಟ್ಟೂ ಬಿಟ್ಟೂ ಇವನಿಗೂ ಒಂದಿಷ್ಟು ಮೆತ್ತಿಕೊಂಡಿರಬೇಕು. ಅವನು ಚಾಪೆಯ ಹತ್ತಿರ ಬಂದವನು ಕೂರಲಿಲ್ಲ. ಬಗ್ಗಿ ಗಾಳೆಮ್ಮನಿಗೆ ಏನೋ ಹೇಳಿದ. ಗಾಳೆಮ್ಮ ತಲೆಯೆತ್ತಿ ನೋಡಿದಳು. ಆಮೇಲೆ ಸೆರಗನ್ನು ಬಾಯಿಗೆ ಹಿಡಿದು ನಕ್ಕು, ತಲೆ ಆಡಿಸಿದಳು. ಆಗ ಅವನು ಕುಳಿತ.

ಏನು ಹೇಳಿದ? ಅಷ್ಟು ಸಣ್ಣ ಮಾತಿಗೆ ಅಷ್ಟು ದೊಡ್ಡ ನಗೆಯೇ? ತಾನು ಎರಡು ವರ್ಷದಲ್ಲಿ ಎಷ್ಟೋ ಮಾತು ಆಡಿದ್ದ. ಅವಳು ಸೆರಗು ಬಾಯಿಗೆ ಹಿಡಿದದ್ದು ಒಲೆಯ ಹೊಗೆಗೆ ಮಾತ್ರ.

"ಜೋಡಿ ಚಂದ ಕಾಣ್ತದಲೋ," ಎಂದ ದಾವಲ್‌ಸಾಬ್, ಹಿಂದಿನಿಂದ. ಅವನು ಮಿಲ್ಲಿನ ಮಷೀನು ನಡೆಸುವವನು, ಗುಟ್ಟು ತಿಳಿದವರಲ್ಲಿ ಒಬ್ಬ. "ಹಾಲಿಗಿ ಸಕ್ರಿ ಹಾಕಿದಂಗ. ನೀ ಬಾಜೂಕ ಇದ್ದಾಗ ಆಕಿ ಇಷ್ಟು ಬೆಳ್ಳಗ ಕಾಣ್ತಿದ್ದಿಲ್ಲ ನೋಡು."

"ಬಾಯಿ ಮುಚ್ಚಲೇ."

"ನಾ ಮುಚ್ಚತೀನಿ. ಕಣ್ಣು ಹೆಂಗ ಮುಚ್ಚಲಿ? ನೋಡಲ್ಲಿ, ಬೀಸಣಿಕಿ ಬೀಸಾಕತ್ತಾನ."

ಹೌದು, ಅಂಬಪ್ಪ ಪಾಂಪ್ಲೆಟ್ಟನ್ನು ಮಡಚಿ ಗಾಳಿ ಹಾಕುತ್ತಿದ್ದ. ತನಗಲ್ಲ, ಆ ಕಡೆಗೆ. ಬಾಲಪ್ಪ ಕೊಡವನ್ನು ದಾವಲ್‌ಸಾಬನ ಕೈಗೆ ತುರುಕಿ, ಒಂದು ಲೋಟ ನೀರು ಹಿಡಿದು ಹೋಗಿ ಅಂಬಪ್ಪನ ಕಿವಿಯ ಹತ್ತಿರ ಕುಕ್ಕರಗಾಲಲ್ಲಿ ಕುಳಿತ.

"ತಮ್ಮಾ, ಒಂದು ಮಾತು. ಹುಷಾರಾಗಿರು. ಆಕಿ ಬಾಯಿ ಭಾಳ ಜೋರು."

"ಚಲೋನ ಆತಲ್ರಿ ಅಣ್ಣಾರ," ಎಂದ ಅಂಬಪ್ಪ ಸಂತೋಷದಿಂದ. "ನಮ್ಮ ಮಷೀನ್ ಖೋಲ್ಯಾಗ ದಿನಾ ಗರ್ ಅಂತಿರ್ತದ. ಮೆಲ್ಲಕ ಮಾತಾಡೋರ ಮಾತು ನನಗ ಕೇಳಸಂಗಿಲ್ಲ."

ಬಾಲಪ್ಪ ಇನ್ನೂ ಹತ್ತಿರ ಸರಿದ. "ಬರೇ ಬಾಯಲ್ಲ. ರಾತ್ರಿ ಗೊರಕಿ ಹೊಡೀತಾಳ. ಹಲ್ಲರ್ ಮಷೀನ್ ಇದ್ದಂಗ."

ಅಂಬಪ್ಪನ ಬೀಸಣಿಗೆ ನಿಂತಿತು. "ನಿಮಗ ಹೆಂಗ ಗೊತ್ರಿ?"

ಬಾಲಪ್ಪ ಅವನಿಗೆಂದು ತಂದ ನೀರನ್ನು ತಾನೇ ಗಟಗಟ ಕುಡಿದ. "ನನಗ... ನನಗೆಲ್ಲಿ ಗೊತ್ತೋ ಮಾರಾಯ. ಮಂದಿ ಅಂತಾರ."

"ಮಂದಿ ಅಂತಾರಾ?" ಅಂಬಪ್ಪ ಕಣ್ಣು ದೊಡ್ಡದು ಮಾಡಿದ. "ಎಷ್ಟು ಮಂದಿ ಅಂತಾರ್ರಿ?"

ಚಾಪೆಯ ಆಚೆ ತುದಿಯಿಂದ ಗಾಳೆಮ್ಮ ಬೀರಿದ ನೋಟ ರೊಟ್ಟಿಯನ್ನು ಹೆಂಚಿಲ್ಲದೆ ಬೇಯಿಸುವಷ್ಟು ಬಿಸಿಯಾಗಿತ್ತು. ಬಾಲಪ್ಪ ಲೋಟವನ್ನು ಅಲ್ಲೇ ಬಿಟ್ಟು ಎದ್ದುಬಂದ.

ಇನ್ನು ಸುಮ್ಮನಿದ್ದರೆ ಆಗದು. ಆಚೆ ವೇದಿಕೆಯ ಮೇಲೆ ಕರಿಬಸಯ್ಯನವರು ಮಂತ್ರ ಶುರು ಮಾಡಲು ಗಂಟಲು ಸರಿಮಾಡಿಕೊಳ್ಳುತ್ತಿದ್ದರು. ಹುಡುಗರಿಗೆಲ್ಲ ಬಾಸಿಂಗ ಕಟ್ಟುತ್ತಿದ್ದರು. ಹಣೆಯಿಂದ ಎದೆಯವರೆಗೆ ಇಳಿಬಿದ್ದ ಮಲ್ಲಿಗೆಯ ಸರಗಳ ಹಿಂದೆ ಯಾರ ಮುಖ ಯಾರದೆಂದು ತಿಳಿಯುತ್ತಿರಲಿಲ್ಲ. ಇನ್ನು ಸ್ವಲ್ಪದರಲ್ಲಿ ಆ ಕೂದಲಿನವನು ತಾಳಿ ಹಿಡಿದು ತನ್ನ ಹೆಂಡತಿಯ ಕೊರಳಿನ ಹತ್ತಿರ ಕೈ ಒಯ್ಯುತ್ತಾನೆ. ಫೋಟೋಕ್ಕೆ ಎಂದರೂ ಕೈ ಕೈಯೇ.

ಬಾಲಪ್ಪ ಚಪ್ಪರದ ಹಿಂದಿನಿಂದ ಒಂದು ಸುತ್ತು ಓಡಿ, ಏದುಸಿರು ಬರಿಸಿಕೊಂಡು, ಅಂಬಪ್ಪನ ಮುಂದೆ ಬಂದು ನಿಂತ.

"ಅಂಬಪ್ಪಾ! ನಿಮ್ಮ ಟಾಕೀಸಿಗಿ ಬೆಂಕಿ ಬಿದ್ದೈತಂತಲೋ! ಮಷೀನ್ ಖೋಲಿ ಹೊಗಿಯಾಡಾಕತ್ತೈತಂತ!"

ಅಂಬಪ್ಪ ಅರೆಗಳಿಗೆಯೂ ಕಾಯಲಿಲ್ಲ. ಬಾಸಿಂಗ ಬಿಚ್ಚಿ ಬಾಲಪ್ಪನ ಕೈಗಿತ್ತು, ಗಾಳೆಮ್ಮನಿಗೆ "ತಪ್ಪು ತಿಳ್ಕೋಬ್ಯಾಡ್ರಿ, ಈಗ ಬಂದೆ" ಎಂದು ಹೇಳಿ, ಮದುಮಗನ ಪಂಚೆಯನ್ನು ಮೊಳಕಾಲಿನ ಮೇಲೆ ಎತ್ತಿ ಓಡಿದ. ಓಡುವಾಗಲೂ ಅವನ ಕೂದಲು ಕೆದರಲಿಲ್ಲ ಎಂಬುದನ್ನು ಬಾಲಪ್ಪ ಗಮನಿಸಿದ.

ಅದೇ ಹೊತ್ತಿಗೆ ಕಮಾನಿನ ಹೊರಗೆ ಜೀಪು ಬಂದು ನಿಂತ ಸದ್ದಾಯಿತು. ಮುಖ್ಯ ಅತಿಥಿ, ಲಿಂಗಸುಗೂರಿನಿಂದ ಬರಬೇಕಾಗಿದ್ದ ಉಪವಿಭಾಗದ ಅಧಿಕಾರಿ, ಎ.ಸಿ. ಮೇಡಂ. ಸಾಹುಕಾರರು ಕೊನೆಯ ಸಾಲಿನ ಕಡೆ ಕಣ್ಣು ಹಾಯಿಸಿದರು. ಒಂದು ಚಾಪೆ ಅರ್ಧ ಖಾಲಿ. ಬೊಜ್ಜು ಕುಣಿಸುತ್ತ ಓಡಿ ಬಂದರು.

"ಎಲ್ಲಿ ಹೋದನಲೇ ಅವ?"

"ಓಡಿ ಹೋದನ್ರಿ."

"ಅವನ... ಲೇ, ಆ ಬಾಸಿಂಗ ಕಟ್ಕೋ! ಕುಂದ್ರು! ಹೂವಿನಾಗ ಮಾರಿ ಕಾಣಂಗಿಲ್ಲ. ಜುಲುಮಿ ಇಲ್ಲಪಾ, ನಿನ್ನ ಒಪ್ಪಿಗಿ..."

"ಹೂಂ ರೀ!"

ಸಾಹುಕಾರರ ಮಾತು ಮುಗಿಯುವ ಮುಂಚೆಯೇ ಬಾಲಪ್ಪ ಬಾಸಿಂಗ ಕಟ್ಟಿ ಚಾಪೆಯ ಮೇಲೆ ಧಪ್ಪನೆ ಕುಳಿತಿದ್ದ. ಆವರೆಗಿನ ಅವನ ಬದುಕಿನಲ್ಲಿ ಅದೊಂದೇ 'ಹೂಂ' ಹೊಟ್ಟೆಯಿಂದ ಬಂದದ್ದು. ಮಲ್ಲಿಗೆಯ ಸರದ ಸಂದಿಯಿಂದ ಚಪ್ಪರವೆಲ್ಲ ಅವನಿಗೆ ಹಬ್ಬದಂತೆ ಕಂಡಿತು. ಪಕ್ಕಕ್ಕೆ ವಾಲಿದ.

"ನಾನಲೇ, ಗಾಳಿ. ನಾನ."

"ಗೊತ್ತಾತು. ಬೆವರಿನ ವಾಸನಿ ಬಂತು."

"ಆ ಟಾಕೀಸಿನಾವ ನಿನಗ ಏನಂದ?"

"ಯಾವಾಗ?"

"ಬಂದ ಕೂಡ್ಲೆ. ಬಗ್ಗಿ ಏನೋ ಅಂದ, ನೀ ಕಿಸಕ್ ಅಂತ ನಕ್ಕಿ."

"ಏನೋ ಒಂದು ಕೇಳಿದ್ರು."

"ಏನ್ ಕೇಳಿದ?"

ಗಾಳೆಮ್ಮ ಮುಂದೆ ನೋಡುತ್ತ ಕುಳಿತಳು. "ಮಂದಿ ನೋಡಾಕತ್ತಾರ. ಮದಿಮಗ ಸುಮ್ನ ಕುಂದ್ರಬೇಕು."

ಎ.ಸಿ. ಮೇಡಂ ಚಿಕ್ಕ ವಯಸ್ಸಿನವರು, ಮೈಸೂರು ಕಡೆಯವರು, ಈ ಸೀಮೆಗೆ ಹೊಸಬರು. ಹಾರ ಹಾಕಲು ಬಂದ ಸಾಹುಕಾರರನ್ನು ಕೈಸನ್ನೆಯಲ್ಲೇ ನಿಲ್ಲಿಸಿ ನೇರವಾಗಿ ಮೈಕಿನ ಹತ್ತಿರ ಹೋದರು.

"ತಾಳಿ ಕಟ್ಟುವ ಮೊದಲು ಒಂದು ಕೆಲಸ ಇದೆ. ಇಲ್ಲಿರುವ ಪ್ರತಿಯೊಬ್ಬ ವಧುವನ್ನೂ ನಾನೇ ಕೇಳುತ್ತೇನೆ, ಈ ಮದುವೆ ಅವಳಿಗೆ ಒಪ್ಪಿಗೆಯೇ ಅಂತ."

ಚಪ್ಪರದಲ್ಲಿ ಗುಜುಗುಜು ಎದ್ದಿತು. "ಮೇಡಂ, ಮುಹೂರ್ತ..." ಎಂದರು ಕರಿಬಸಯ್ಯ.

"ಮುಹೂರ್ತ ಕಾಯುತ್ತೆ, ಸ್ವಾಮಿಗಳೇ."

ಸಾಹುಕಾರರು ಹಲ್ಲು ಬಿಟ್ಟರು. "ಕೇಳ್ರಿ ಮೇಡಂ, ಧಾರಾಳ ಕೇಳ್ರಿ. ನಮ್ಮಲ್ಲಿ ಯಾರ ಮ್ಯಾಲೂ ಜುಲುಮಿ ಇಲ್ಲ."

ಮೈಕಿನ ವೈರು ಎಳೆದುಕೊಂಡು ಮೇಡಂ ಸಾಲು ಸಾಲಾಗಿ ನಡೆದರು. ಒಬ್ಬಳು ಹೂಂ ಎಂದಳು, ಒಬ್ಬಳು ಬರೀ ತಲೆ ಆಡಿಸಿದಳು, ಒಬ್ಬಳು ನಕ್ಕಳು, ಇನ್ನೊಬ್ಬಳು "ನಮ್ಮಪ್ಪ ಹೂಂ ಅನ್ನು ಅಂದಾನ್ರಿ" ಎಂದು ಮೈಕಿನಲ್ಲೇ ಹೇಳಿ ಅಪ್ಪನನ್ನು ಕಂಬದ ಹಿಂದೆ ಅಡಗುವಂತೆ ಮಾಡಿದಳು. ಅವಳ ಹತ್ತಿರ ಮೇಡಂ ಬಹಳ ಹೊತ್ತು ಕುಳಿತು, ಅವಳದೇ ಬಾಯಿಂದ ಅವಳದೇ ಹೂಂ ತೆಗೆಸಿ ಎದ್ದರು. ಕೊನೆಗೆ ಕೊನೆಯ ಚಾಪೆಗೆ ಬಂದರು.

"ಏನಮ್ಮಾ, ಈ ಮದುವೆ ನಿನಗೆ ಒಪ್ಪಿಗೆ ಇದೆಯಾ?"

ಬಾಲಪ್ಪ ಮೊಳಕೈಯಿಂದ ಮೆಲ್ಲ ತಿವಿದ. ಗಾಳೆಮ್ಮ ಆ ಮೊಳಕೈಯನ್ನು ನೋಡಿದಳು, ಮೈಕನ್ನು ನೋಡಿದಳು.

"ಇಲ್ರಿ," ಎಂದಳು.

ಆ 'ಇಲ್ರಿ' ನಾಲ್ಕು ದಿಕ್ಕಿನ ಲೌಡ್‌ಸ್ಪೀಕರುಗಳಿಂದ ಹೊರಟು ಬಸ್‌ಸ್ಟ್ಯಾಂಡಿನವರೆಗೆ ಹೋಯಿತು. ಬಾಜಾದವನು ಏನು ತಿಳಿದುಕೊಂಡನೋ, ಡೋಲು ಬಾರಿಸಲು ಶುರು ಮಾಡಿ, ಯಾರೋ ಬೈದ ಮೇಲೆ ನಿಲ್ಲಿಸಿದ.

"ಯಾಕಮ್ಮಾ? ಹೆದರಬೇಡ, ಹೇಳು."

"ಮುಂಜಾನಿಂದ ನನಗ ಸೀರಿ ಉಡ್ಸ್ಯಾರ, ಬಳಿ ಇಡ್ಸ್ಯಾರ, ಇಲ್ಲಿ ತಂದು ಕುಂದ್ರಿಸ್ಯಾರ. ಯಾರೂ ನನ್ನ ಕೇಳಿಲ್ರಿ. ಈಗ ನೀವು ಕೇಳಿದ್ರಿ, ಹೇಳಿದೆ." ಮತ್ತೆ ಸೇರಿಸಿದಳು. "ಸುಳ್ಳು ಯಾಕ ಹೇಳ್ಲಿ, ಒಬ್ರು ಕೇಳಿದ್ರು. ಮದ್ಲ ಇಲ್ಲಿ ಕುಂತಿದ್ದವರು. ಕುಂದ್ರೂಕಿಂತ ಮುಂಚೆ, 'ಬಾಜೂಕ ಕುಂದ್ರಲೇನ್ರಿ, ನಿಮಗ ಬ್ಯಾಸರ ಇಲ್ಲಲ್ಲ' ಅಂತ ಕೇಳಿದ್ರು. ನನಗ ಅಂಥ ಮಾತು ಕೇಳಿ ರೂಢಿ ಇಲ್ರಿ, ನಗಿ ಬಂತು. ಇವರು ನೋಡ್ರಿ, ಧಪ್ ಅಂತ ಬಂದು ಕುಂತ್ರು."

ಚಪ್ಪರವೆಲ್ಲ ನಕ್ಕಿತು. ಮಲ್ಲಿಗೆಯ ಹಿಂದೆ ಬಾಲಪ್ಪನ ಕಿವಿ ಕೆಂಡವಾಯಿತು. ಇಷ್ಟೇ ಕೇಳಿದ್ದೇ ಅವನು? ಇಷ್ಟೇ? ಇದಕ್ಕಿಂತ ಏನಾದರೂ ಪೋಲಿ ಮಾತು ಆಡಿದ್ದರೆ ಎಷ್ಟೋ ಚೆನ್ನಾಗಿತ್ತು. ಅದಕ್ಕಾದರೆ ಹೊಡೆಯಬಹುದಿತ್ತು.

ಮೇಡಂ ಅವನ ಕಡೆ ತಿರುಗಿದರು. "ಏನಪ್ಪಾ, ಈ ಹುಡುಗಿ ನಿನಗೆ ಮೊದಲಿಂದ ಗೊತ್ತಾ? ನಿಮ್ಮ ನಡುವೆ ಏನಾದರೂ ಸಂಬಂಧ ಇದೆಯಾ?"

ಹೂವಿನ ಸಂದಿಯಿಂದ ಬಾಲಪ್ಪ ಸಾಹುಕಾರರನ್ನು ಹುಡುಕಿದ. ಅವರು ಮೇಡಂ ಅವರ ಬೆನ್ನ ಹಿಂದೆ ನಿಂತು ಬೀಗದ ಕೈ ಗೊಂಚಲು ತಿರುಗಿಸುತ್ತಿದ್ದರು. ಈಕೆ ನನ್ನ ಹೆಂಡತಿ ಎಂದರೆ ಐವತ್ತೊಂದು ಜೋಡಿಯ ಬಂಡವಾಳ ಮೈಕಿನಲ್ಲಿ ಬಯಲು. ಸಂಜೆಗೆ ಖೋಲಿಯಿಲ್ಲ, ನೌಕರಿಯಿಲ್ಲ. ಅಲ್ಲ ಎಂದರೆ... ಅಲ್ಲ ಎಂದರೆ ಏನಾಗುತ್ತದೆ ಎಂದು ಯೋಚಿಸುವಷ್ಟು ಹೊತ್ತು ಯಾರೂ ಅವನಿಗೆ ಕೊಡಲಿಲ್ಲ.

"ಗೊತ್ತಿಲ್ರಿ," ಎಂದ. "ಇವತ್ತ ನೋಡಿದ್ದು."

ಗಾಳೆಮ್ಮ ಆಗ ಅವನ ಕಡೆ ತಿರುಗಿದಳು. ನೋಟದಲ್ಲಿ ಸಿಟ್ಟಿರಲಿಲ್ಲ. ಕಾಟಾದ ಮೇಲೆ ಚೀಲ ಇಟ್ಟು ಮುಳ್ಳು ಎಲ್ಲಿ ನಿಲ್ಲುತ್ತದೆ ಎಂದು ನೋಡುವವರ ನೋಟ ಅದು. ನೋಡಿಯಾದ ಮೇಲೆ ಎದ್ದು ನಿಂತಳು.

"ನನ್ನ ತವರು ಮಸ್ಕಿ ರೀ ಮೇಡಂ. ಅಲ್ಲಿಗಿ ಹೋಗ್ತೀನಿ."

"ನನ್ನ ಜೀಪು ಆ ದಾರಿಯಲ್ಲೇ ಹೋಗೋದು. ಬಾ," ಎಂದರು ಮೇಡಂ. ಮತ್ತೆ ಮೈಕಿಗೆ ಬಾಯಿ ಹತ್ತಿರ ಒಯ್ದರು. "ಒಬ್ಬ ಹೆಣ್ಣುಮಗಳು ಸಾವಿರ ಜನರ ನಡುವೆ ಬೇಡ ಎಂದು ಹೇಳಿದ್ದಾಳೆ. ಹಾಗೆ ಹೇಳುವ ಧೈರ್ಯ ಬರುವಂಥ ವಾತಾವರಣ ಇಲ್ಲಿದೆ. ಇಂಥದ್ದನ್ನು ನಾನು ಲಿಂಗಸುಗೂರಿನಲ್ಲೂ ಕಂಡಿಲ್ಲ. ಪಂಪಣ್ಣನವರಿಗೆ ಅಭಿನಂದನೆಗಳು."

ಚಪ್ಪಾಳೆ ಬಿತ್ತು. ಲಿಂಗಸುಗೂರಿನಲ್ಲೂ ಕಂಡಿಲ್ಲ ಎಂಬ ಮಾತು ಕಿವಿಗೆ ಬಿದ್ದದ್ದೇ ಸಾಹುಕಾರರ ಮುಖ ಹೊಸ ಟ್ಯೂಬ್‌ಲೈಟಿನ ಹಾಗೆ ಎರಡು ಸಲ ಮಿಣುಕಿ ಹೊತ್ತಿಕೊಂಡಿತು. ಐವತ್ತೊಂದು ಅವರಿಗೆ ಮರೆತೇಹೋಯಿತು.

ಬಾಲಪ್ಪ ಬಾಸಿಂಗ ಬಿಚ್ಚದೆಯೇ ಗಾಳೆಮ್ಮನ ಹಿಂದೆ ಜೀಪಿನವರೆಗೆ ಓಡಿದ. "ಗಾಳಿ, ಏ ಗಾಳಿ..."

"ಗುರ್ತಿಲ್ಲದವರ ಜೋಡಿ ನಾ ಮಾತಾಡಂಗಿಲ್ರಿ," ಎಂದು ಅವಳು ಜೀಪು ಹತ್ತಿದಳು.

ಮೇಡಂ ಅದನ್ನು ಕಂಡು ಬಂದೋಬಸ್ತಿಗೆ ಬಂದಿದ್ದ ಸಬ್ ಇನ್ಸ್‌ಪೆಕ್ಟರರನ್ನು ಕರೆದರು. "ಈ ಮನುಷ್ಯ ಇನ್ನೂ ಬೆನ್ನು ಬಿಟ್ಟಿಲ್ಲ ನೋಡಿ. ಇವನಿಂದ ಒಂದು ಮುಚ್ಚಳಿಕೆ ಬರೆಸಿಕೊಳ್ಳಿ."

ಹೀಗಾಗಿ ಬಾಲಪ್ಪ ಮಧ್ಯಾಹ್ನದ ಊಟದ ಹೊತ್ತನ್ನು ಠಾಣೆಯ ಬೆಂಚಿನ ಮೇಲೆ ಕಳೆದ. ಸದರಿ ಗಾಳೆಮ್ಮ ಎಂಬ ಹೆಣ್ಣುಮಗಳ ಗೊಡವೆಗೆ ಹೋಗುವುದಿಲ್ಲ, ಆಕೆಯ ಊರಿನ ಕಡೆ ಸುಳಿಯುವುದಿಲ್ಲ, ಆಕೆಯನ್ನು ಮದುವೆಯಾಗಲು ಪೀಡಿಸುವುದಿಲ್ಲ ಎಂದು ಸಹಿ ಮಾಡಿಕೊಟ್ಟ. ಜಾಮೀನಿಗೆ ಸಾಹುಕಾರರೇ ಬಂದರು.

"ನೋಡಲೇ, ಕಷ್ಟಕಾಲಕ್ಕ ನಾನ ಬೇಕಾದೆ," ಎಂದು ಅವರು ಹೊರಗೆ ಬಂದ ಮೇಲೆ ಅವನ ಬೆನ್ನು ತಟ್ಟಿದರು. "ಈಗ ಒಂದು ಮಾತು. ಆ ಖೋಲಿ ಸಂಸಾರಸ್ಥರಿಗಿ ಅಂತ ಕಟ್ಸಿದ್ದು. ಮೈಕಿನ್ಯಾಗ ಆಕಿ ಗುರ್ತಿಲ್ಲ ಅಂದಿ, ಅಂದ ಮ್ಯಾಲ ನೀ ಒಂಟಿ. ಒಂಟಿ ಗಂಡಸಿಗಿ ಕೊಟ್ರ ಮಂದಿ ಏನಂದಾರು? ಗೋದಾಮಿನಾಗ ಚೀಲದ ಮ್ಯಾಲ ಮಲಕ್ಕೋ. ಜುಲುಮಿ ಇಲ್ಲ ಮತ್ತ."

"ಹೂಂ ರೀ," ಎಂದ ಬಾಲಪ್ಪ.

ಸಂಜೆ ಅವನು ಬಸ್‌ಸ್ಟ್ಯಾಂಡಿಗೆ ಹೋಗಿ ಮಸ್ಕಿಯ ಬಸ್ಸಿನ ಎದುರಿಗೆ ನಿಂತ. ಹತ್ತುವಂತಿರಲಿಲ್ಲ. ಕಟ್ಟೆಯ ಮೇಲೆ ಕುಳಿತ ಪೊಲೀಸಿನವನು ಅವನನ್ನೇ ನೋಡುತ್ತ ಕಡಲೆಕಾಯಿ ಸುಲಿಯುತ್ತಿದ್ದ. ಜೇಬಿನಲ್ಲಿ ಕೈ ಹಾಕಿದರೆ ಕಾಲುಂಗುರಗಳು ಚುಚ್ಚುತ್ತಿದ್ದವು. ಆಗ ಯಾರೋ ಭುಜ ಮುಟ್ಟಿದರು.

"ಅಣ್ಣಾರ, ನಿಮ್ಮನ್ನ ಎಲ್ಲೆಲ್ಲಿ ಹುಡುಕೂದ್ರಿ!"

ಅಂಬಪ್ಪ. ಇಸ್ತ್ರಿ ಮಾಡಿದ ಅಂಗಿ, ಮತ್ತೆ ಬಾಚಿದ ಕೂದಲು.

"ಟಾಕೀಸಿಗಿ ಏನೂ ಆಗಿದ್ದಿಲ್ರಿ. ಯಾರೋ ನಿಮಗ ಸುಳ್ಳು ಹೇಳ್ಯಾರ. ಹೋಗ್ಲಿ ಬಿಡ್ರಿ, ನೀವು ನನ್ನ ಒಳ್ಳೇದಕ್ಕ ಓಡಿ ಬಂದ್ರಿ. ನಾ ಹೊಳ್ಳಿ ಬರೂದ್ರಾಗ ನನ್ನ ಜಾಗದಾಗ ಯಾವನೋ ಹಲ್ಕಟ್ ಕುಂತು ಆಕಿನ್ನ ಅಂಜಿಸ್ಯಾನಂತ. ಪೊಲೀಸರು ಒಯ್ದಾರಂತ."

"ಹಂಗಂತ," ಎಂದ ಬಾಲಪ್ಪ.

"ಗುರುಗುಂಟಾದವರು ನಾ ಬ್ಯಾರೆ ಹುಡುಗಿ ಬಾಜೂಕ ಕುಂತೆ ಅಂತ ಕೇಳಿ ಸಂಬಂಧ ಮುರದ್ರು. ಮದ್ಲ ಬ್ಯಾಸರಾತು. ಆಮ್ಯಾಲ ಯಾರೋ ಅಂದ್ರು, ಆ ಮಸ್ಕಿ ಹುಡುಗಿ ಮೈಕಿನ್ಯಾಗ ನನ್ನ ಬಗ್ಗೆ ಚಲೋ ಮಾತು ಆಡ್ಯಾಳಂತ." ಅಂಬಪ್ಪ ನಾಚಿ ಬೂಟಿನ ತುದಿಯಿಂದ ನೆಲ ಕೆರೆದ. "ಹೋಗಿ ಕನ್ಯಾ ಕೇಳಬೇಕಂತ ಮಾಡೀನ್ರಿ. ಆಕಿ ಒಲ್ಲೆ ಅಂದ್ರ ಸುಮ್ನ ಹೊಳ್ಳಿ ಬರ್ತೀನಿ. ಸಾಹುಕಾರ್ರನ್ನ ಕೇಳಿದೆ. ಅವರು ಹೊಟ್ಟಿ ಹಿಡ್ಕೊಂಡು ನಕ್ಕು, 'ಬಾಲಪ್ಪ ಒಪ್ಪಿದ್ರ ನಂದೇನೂ ಇಲ್ಲ' ಅಂದ್ರು. ನಿಮ್ಮನ್ನ ಯಾಕ ಕೇಳಬೇಕೋ ನನಗ ತಿಳೀಲಿಲ್ಲ. ಆದ್ರೂ ಕೇಳಾಕ ಬಂದೆ. ನಿಮ್ಮ ಒಪ್ಪಿಗಿ ಐತೇನ್ರಿ?"

ಬದುಕಿನಲ್ಲಿ ಮೊದಲ ಸಲ ಒಬ್ಬ ಮನುಷ್ಯ ಕೈಯಲ್ಲಿ ಕೀಲಿ ಇಲ್ಲದೆ ಬಾಲಪ್ಪನನ್ನು ಏನಾದರೂ ಕೇಳಿದ್ದ. ಬಾಲಪ್ಪನ ಬಾಯಿ ರೂಢಿಯಂತೆ 'ಹೂಂ' ಎನ್ನಲು ದುಂಡಗಾಯಿತು. ಅವನು ಗಾಬರಿಯಾಗಿ ಎರಡೂ ಕೈಯಿಂದ ಅದನ್ನು ಮುಚ್ಚಿಕೊಂಡ. ಹೂಂ ನುಂಗಿದ. 'ಇಲ್ಲ' ಎನ್ನಬೇಕು. ಆದರೆ ಆ ಮಾತನ್ನು ಎಂದೂ ಆಡದ ನಾಲಿಗೆ ಅದನ್ನು ಎಲ್ಲಿಂದ ಹಿಡಿದು ಎತ್ತಬೇಕೆಂದು ತಿಳಿಯದೆ, ಮೊದಲ ಸಲ ಭತ್ತದ ಚೀಲಕ್ಕೆ ಕೈ ಹಚ್ಚಿದ ಹಮಾಲನಂತೆ ತಡವರಿಸಿತು.

ಬಸ್ಸು ಹಾರ್ನ್ ಹೊಡೆಯಿತು.

"ಸುಮ್ನ ಅದೀರಿ ಅಂದ್ರ ಒಪ್ಪಿದಂಗ ಆತಲ್ರಿ," ಎಂದು ಅಂಬಪ್ಪ ಅವನ ಕಾಲು ಮುಟ್ಟಿ ನಮಸ್ಕಾರ ಮಾಡಿದ. "ಹಿರೇರು ನೀವು, ಆಶೀರ್ವಾದ ಮಾಡ್ರಿ." ಓಡಿ ಹೋಗಿ ಬಸ್ಸಿನ ಮೆಟ್ಟಿಲು ಹತ್ತಿದ. ಬಸ್ಸು ಧೂಳೆಬ್ಬಿಸಿಕೊಂಡು ಮಸ್ಕಿಯ ದಾರಿಗೆ ತಿರುಗಿತು.

"ಇಲ್ಲ!" ಎಂದು ಬಾಲಪ್ಪ ಕಿರುಚಿದ.

ಎಂಥ 'ಇಲ್ಲ' ಅದು! ಬಸ್‌ಸ್ಟ್ಯಾಂಡಿನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಬಾಳೆಹಣ್ಣು ಮಾರುವ ಮುದುಕಿ ಬುಟ್ಟಿ ಸರಿಸಿ ಅವನಿಗೆ ಕೂರಲು ಜಾಗ ಮಾಡಿಕೊಟ್ಟಳು.

"ಯಾಕಪಾ ಹಂಗ ಒದರ್ತಿ," ಎಂದಳು. "ಮಸ್ಕಿಗಿ ಇನ್ನೊಂದು ಬಸ್ ಐತಿ. ಕುಂದ್ರು."